ಗುನುಗಿನ ನಡುವಿನ ಉಸಿರು

ಹಾಡು ಅರ್ಧಕ್ಕೇ ನಿಂತಿತು. ಸೊಸೆ ಕಣ್ಣು ತೆರೆದು ನೋಡಿದರೆ, ಅತ್ತೆ ಸ್ಪೀಕರಿನ ಸ್ವಿಚ್ ಆರಿಸಿ ನಿಂತಿದ್ದರು.

"ಯಾರೋ ಮಾಡಿಟ್ಟ ಅಡುಗೆಗೆ ಉಪ್ಪು ಉದುರಿಸಿ, ನಾನೇ ಬೇಯಿಸಿದೆ ಅಂತೀಯಲ್ಲ... ನಾಚಿಕೆ ಆಗಲ್ವಾ?"

ಒಂದು ವಾರದಿಂದ ಹೀಗೇ. ನಲವತ್ತು ವರ್ಷ ಹಳೆಯ ಹಿಂದಿ ಚಿತ್ರಗೀತೆಯ ರೀಮಿಕ್ಸ್ ಸೊಸೆಯ ಪಾಲಿಗೆ ಬಂದಾಗಿನಿಂದ ಅತ್ತೆಗೆ ಕೂತಲ್ಲಿ ಕೂರಲಾಗದು, ನಿಂತಲ್ಲಿ ನಿಲ್ಲಲಾಗದು. ಸಿಟ್ಟೆಲ್ಲ ಪಾತ್ರೆಗಳ ಮೇಲೆ! ಸೊಸೆಯಾದರೋ ಎಂಟು ವರ್ಷ ಸೋಪು, ಬಿಸ್ಕತ್ತಿನ ಜಾಹೀರಾತುಗಳಿಗೆ ಗಂಟಲು ಸವೆಸಿದವಳು. ತನ್ನ ಹೆಸರು ಅಚ್ಚಾಗುವ ಹಾಡು ಸಿಕ್ಕಿದ್ದು ಇದೇ ಮೊದಲು. ಅದನ್ನೂ ಸಹಿಸುವವರಿಲ್ಲವೇ ಎಂದು ಅವಳಿಗೆ ಅಳು ಒತ್ತಿಬಂತು.

ಧ್ವನಿ ಮಿಶ್ರಣದ ಕೆಲಸ ಮಾಡುವ ಗಂಡ ಯಂತ್ರದಿಂದ ತಲೆಯೆತ್ತಲಿಲ್ಲ. "ಸುಮ್ನಿರಮ್ಮ. ಶುರುವಿನ ಗುನುಗನ್ನ ಹಳೇ ಟೇಪಿಂದಲೇ ತಗೊಳ್ಳೋಣ ಅಂತಿದ್ದೆ. ಮಧ್ಯೆ ಬಿಕ್ಕಿದ ಹಾಗೆ ಏನೋ ಕೊಳೆ. ಎಷ್ಟು ಒರೆಸಿದ್ರೂ ಹೋಗ್ಲಿಲ್ಲ. ಅದಕ್ಕೇ ಇವಳ ಕೈಲಿ ಹೊಸದಾಗಿ ಹಾಡಿಸಿದೆ."

"ಕೊಳೆ ಅಲ್ಲ ಕಣೋ..." ಅತ್ತೆ ಗೋಡೆ ಹಿಡಿದುಕೊಂಡರು. "ನನ್ನ ಉಸಿರು ಅದು. ಕೋರಸ್‌ನಲ್ಲಿದ್ದವಳನ್ನ ಕರೆದು ಗುನುಗು ಅಂದ್ರು. ನನಗಾಗ ಏಳು ತಿಂಗಳು. ಹಾಡ್ತಿದ್ದಾಗ ಒಳಗಿಂದ ಒದ್ದೋನು ನೀನೇ. ಇನ್ನೊಂದ್ಸಲ ಹಾಡ್ತೀನಿ ಅಂದೆ, ಬೇಡ ಅಂದ್ರು. ಹೆಸರೂ ಹಾಕ್ಲಿಲ್ಲ..."

ಮಗ ಸ್ಪೀಕರಿನ ಸ್ವಿಚ್ ಮತ್ತೆ ಹಾಕಿದ. ಸೊಸೆ ಹಳೆಯ ಟೇಪನ್ನು ಮೂರು ಸಲ ಕೇಳಿದಳು. ಮೂರನೆಯ ಸಲ ತನ್ನ ಗುನುಗು ಎಷ್ಟು ಸಪ್ಪೆ ಎಂದು ಅವಳಿಗೇ ಗೊತ್ತಾಯಿತು. ರೀಮಿಕ್ಸ್ ಹೊರತರುವ ಕಂಪನಿಯವನಿಗೆ ಫೋನ್ ಮಾಡಿ, ಅತ್ತೆಯ ಹಳೆಯ ಗುನುಗನ್ನೇ ಹಾಕೋಣ ಎಂದಳು.

"ಜನಕ್ಕೆ ಗುರುತಿರೋದೇ ಆ ಗುನುಗು," ಅಂದ ಅವನು. "ಅದು ಅವರದ್ದಾದ್ರೆ ಹೆಸರೂ ಅವರದ್ದೇ. ಇರೋದು ಒಂದೇ ಹೆಸರಿಗೆ ಜಾಗ. ಆಮೇಲೆ ಅಳಬೇಡಿ."

"ಅಳು ಬಂದ್ರೆ ಮನೇಲೇ ಅಳ್ತೀನಿ ಬಿಡಿ," ಎಂದು ಫೋನಿಟ್ಟವಳೇ ಗಾಯಕಿಯ ಹೆಸರು ತುಂಬುವ ನಮೂನೆ ತಂದು, ತನ್ನ ಹೆಸರು ಹೊಡೆದುಹಾಕಿ, ಅತ್ತೆಯದನ್ನು ಬರೆದಳು.

ಅತ್ತೆ ಕನ್ನಡಕ ಏರಿಸಿ ಓದಿದರು. ಬಹಳ ಹೊತ್ತು ಓದಿದರು.

"ದೀರ್ಘ ಬಿಟ್ಟಿದ್ದೀಯ," ಅಂದರು. "ಎಂಟು ವರ್ಷ ಒಂದೇ ಮನೇಲಿದ್ದೂ ಅತ್ತೆ ಹೆಸರು ಬರೆಯೋಕೆ ಬರಲ್ಲ ನಿಂಗೆ."

ಸೊಸೆಯ ಕೈಯಿಂದ ಪೆನ್ನು ಕಿತ್ತುಕೊಂಡು ದೀರ್ಘ ಎಳೆದರು. ಆಮೇಲೆ ಅವಳ ಹೆಗಲಿಗೆ ಹಣೆಯಿಟ್ಟು ಅತ್ತರು.