ಬಡ್ಡಿಯಿಲ್ಲದ ಭೋಗ್ಯ

ಕಂದೀಲು ಆರಿಹೋಗಿತ್ತು!

ನೀರಿನ ತಂಬಿಗೆ ಹಿಡಿದು ಒಳಕೋಣೆಯ ಹೊಸ್ತಿಲಿಗೆ ಬಂದ ನೀಲಗಂಗವ್ವ ಅಲ್ಲೇ ನಿಂತುಬಿಟ್ಟಳು. ಹೊರಗೆ ಬೆಟಗೇರಿಯ ಓಣಿಯಲ್ಲಿ ಮಟಮಟ ಮಧ್ಯಾಹ್ನದ ಬಿಸಿಲು. ಒಳಗೆ ಮಾತ್ರ ಕಣ್ಣಿಗೆ ಬಟ್ಟೆ ಕಟ್ಟಿದಂಥ ಕತ್ತಲು. ಮಗ್ಗದ ಮೇಲೆ ತೂಗುಹಾಕಿದ ಕಂದೀಲಿನ ಎಣ್ಣೆ ತೀರಿ, ಸುಟ್ಟ ಬತ್ತಿಯ ವಾಸನೆಯಷ್ಟೇ ಉಳಿದಿತ್ತು. ಆದರೆ ಮಗ್ಗ ನಿಂತಿರಲಿಲ್ಲ… ಖಟ್ ಖಟ್ ಎಂದು ಲಾಳಿ ಆ ಕಡೆಯಿಂದ ಈ ಕಡೆಗೆ ಓಡುತ್ತಲೇ ಇತ್ತು. ಅವಳ ಗಂಡ ಹೇಮಪ್ಪ ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟುಕೊಂಡು, ಏನೂ ಆಗಿಲ್ಲವೆಂಬಂತೆ ನೇಯುತ್ತಿದ್ದ.

“ಏನ್ರೀ… ಕಂದೀಲ ಆರೇತಲ್ರಿ!”

ಲಾಳಿ ಗಕ್ಕನೆ ನಿಂತಿತು. “ಆರೇತೇನ? ಈಗ ಆರಿರಬೇಕು ನೋಡು,” ಎಂದ ಹೇಮಪ್ಪ.

ನೀಲಗಂಗವ್ವ ಕೈ ಚಾಚಿ ಕಂದೀಲಿನ ಗಾಜು ಮುಟ್ಟಿದಳು. ಗಾಜು ತಣ್ಣಗಿತ್ತು! ಅದು ಆರಿ ಎಷ್ಟು ಹೊತ್ತಾಗಿತ್ತೋ ಏನೋ… ಅವಳು ತಂಬಿಗೆಯನ್ನು ನೆಲಕ್ಕಿಟ್ಟಳು. ಗಂಡನ ಪಕ್ಕದಲ್ಲಿ ಕುಸಿದು ಕುಳಿತು, “ಯಾವಾಗಿಂದ್ರಿ?” ಎಂದು ಕೇಳಿದಳು. ಅಷ್ಟೇ ಕೇಳಿದಳು, ಅವನಿಗೆ ಅರ್ಥವಾಯಿತು.

“ಎರಡು ವರ್ಷ ಆಗಿರಬೇಕು. ಮೊದಲ ಸೀರಿ ಅಂಚಿನ ದಡಿ ಮಸಕ ಕಾಣತಿತ್ತು. ಆಮ್ಯಾಲ ಎಳಿ… ಈಗ ಕಂದೀಲ ಇದ್ದರೂ ಅಷ್ಟ, ಇಲ್ಲದಿದ್ದರೂ ಅಷ್ಟ. ಕೈಗೆ ರೂಢಿ ಐತಿ, ನಡೀತೈತಿ. ನೀಲಾ… ಅವ್ವಗ ಮಾತ್ರ ಹೇಳಬ್ಯಾಡ. ಎದಿ ಒಡಕೋತಾಳ.”

ಬಿಸಿಲಿಗೆ ಬಡತನವಿಲ್ಲದ ಈ ಊರಲ್ಲಿ ಒಬ್ಬ ನೇಕಾರ ಹಾಡಹಗಲೇ ಕಂದೀಲು ಹಚ್ಚಿಕೊಂಡು ಕೂಡಬೇಕಾಗಿ ಬಂದದ್ದು ಹೇಗೆ? ಓಣಿಯವರಿಗೆ ಅದು ಗೊತ್ತಿದ್ದದ್ದೇ, ಓದುವವರಿಗೂ ಗೊತ್ತಾಗಲಿ. ಆ ಮನೆಗೆ ಬೀದಿಯ ಕಡೆ ಒಂದು ದೊಡ್ಡ ಪಡಸಾಲೆಯಿತ್ತು. ಮೂಡಣಕ್ಕೆ ಎರಡು ಕಿಟಕಿ. ಮುಂಜಾನೆಯಿಂದ ಸಂಜೆಯವರೆಗೆ ಬೆಳಕಿಗೆ ಕೊರತೆಯಿಲ್ಲ. ಮಗ್ಗ ಅಲ್ಲೇ ಇತ್ತು. ಹದಿನೆಂಟು ವರ್ಷದ ಹಿಂದೆ ಹೇಮಪ್ಪನ ತಂದೆ ಗವಿಸಿದ್ದಪ್ಪ, ಮಗಳು ಕರೆವ್ವನನ್ನು ಲಕ್ಷ್ಮೇಶ್ವರಕ್ಕೆ ಕೊಡುವಾಗ ಆ ಪಡಸಾಲೆಯನ್ನು ಆರುನೂರು ರೂಪಾಯಿಗೆ ಅಬ್ದುಲಗನಿಗೆ ಭೋಗ್ಯಕ್ಕೆ ಬರೆದುಕೊಟ್ಟ. ಅಬ್ದುಲಗನಿ ಗಾದಿ ಹೊಲಿಯುವವನು, ಅರಳೆ ಹಿಂಜುವವನು. ಅಂಗಡಿಗೆ ಬೀದಿಯ ಕಡೆಯ ಜಾಗ ಬೇಕಾಗಿತ್ತು. ಬಡ್ಡಿ ತಿನ್ನುವುದು ಅವರಲ್ಲಿ ಹರಾಮ. ಹಾಗಾಗಿ ಕೊಟ್ಟ ಹಣಕ್ಕೆ ಬಡ್ಡಿಯಿಲ್ಲ, ಇಟ್ಟುಕೊಂಡ ಜಾಗಕ್ಕೆ ಬಾಡಿಗೆಯಿಲ್ಲ. ಹಣ ತಿರುಗಿ ಕೊಟ್ಟ ದಿನ ಪಡಸಾಲೆ ತಿರುಗಿ ಬರಬೇಕು. ಮಗ್ಗ ಒಳಕೋಣೆಗೆ ಹೋಯಿತು. ಕಾಳಿನ ಗಡಿಗೆ ಇಡುತ್ತಿದ್ದ ಕೋಣೆ ಅದು. ಮೂರು ಕಡೆ ಬೇರೆಯವರ ಗೋಡೆ, ಮೇಲ್ಮುದ್ದೆಯ ಮಣ್ಣಿನ ಮಾಳಿಗೆಯಲ್ಲಿ ಅಂಗೈಯಗಲದ ಒಂದು ಬೆಳಕಿಂಡಿ. ಮನೆಯವರು ಹಿಂದಿನ ಸಂದಿಯಿಂದ ಓಡಾಡತೊಡಗಿದರು. ಎರಡೇ ವರ್ಷದಲ್ಲಿ ಬಿಡಿಸಿಕೊಳ್ಳುತ್ತೇನೆ ಎಂದ ಗವಿಸಿದ್ದಪ್ಪ ಆ ಎರಡು ವರ್ಷ ತುಂಬುವ ಮುಂಚೆಯೇ ತೀರಿಕೊಂಡ.

ಅವನ ಹೆಂಡತಿ ದೇವವ್ವನಿಗೆ ಆ ಭೋಗ್ಯದ ಬಗ್ಗೆ ಹೆಮ್ಮೆಯೇ ಹೆಮ್ಮೆ! ಓಣಿಯ ಉಳಿದ ಮನೆಗಳು ಸಾಹುಕಾರರ ಬಡ್ಡಿ ಕಟ್ಟಿ ಕಟ್ಟಿ ಸೋತಿದ್ದವು. “ನಮ್ಮದಕ್ಕ ಬಿಡಿಗಾಸ ಬಡ್ಡಿಲ್ಲ ನೋಡ್ರೆವ್ವಾ,” ಎಂದು ನೀರಿನ ಸರದಿಯಲ್ಲಿ ಹೇಳಿಕೊಳ್ಳುತ್ತಿದ್ದಳು. ಆರುನೂರು ಕೈಗೆ ಬರಲೇ ಇಲ್ಲವೆಂದಲ್ಲ. ಮೂರು ಸಲ ಬಂದಿತ್ತು. ಯುದ್ಧದ ಕಾಲಕ್ಕೆ ಸೀರೆಗೆ ಒಳ್ಳೆಯ ಬೆಲೆ ಸಿಕ್ಕಾಗ ಅದು ಕರೆವ್ವನ ಗಂಡನ ಅಂಗಡಿಗೆ ಹೋಯಿತು. ಸ್ವಾತಂತ್ರ್ಯ ಬಂದ ಮರುವರ್ಷ ಸೊಸೆಯ ಕೊರಳಿಗೆ ಬೋರಮಾಳ ಸರವಾಯಿತು. ಮೂರನೆಯ ಸಲ ಹೇಮಪ್ಪನ ಮಗಳು ರಾಮವ್ವನನ್ನು ಹಿರೇಹಂದಿಗೋಳಕ್ಕೆ ಕೊಡುವಾಗ ಮದುವೆಯ ಊಟವಾಯಿತು. ಪ್ರತಿ ಸಲವೂ ಅದೇ ಮಾತು, ಭೋಗ್ಯ ಎಲ್ಲಿ ಓಡಿಹೋಗುತ್ತದೆ, ಆಮೇಲೆ ಕೊಟ್ಟರಾಯಿತು! ಓಡಿಹೋಗುವ ಸಾಲವಾಗಿದ್ದರೆ ಹಿಂದೆ ಬಿದ್ದು ಹಿಡಿಯುತ್ತಿದ್ದರೋ ಏನೋ. ಇದು ಸದ್ದಿಲ್ಲದೆ ಮನೆಯೊಳಗೇ ಕುಳಿತಿತ್ತು.

ಮರುವಾರ ನೀಲಗಂಗವ್ವ ಮುಳಗುಂದದ ತವರಿಗೆ ಹೋಗಿಬರುವ ನೆಪ ಹೇಳಿ, ಗಂಡನನ್ನು ರೈಲು ಹತ್ತಿಸಿ ಹುಬ್ಬಳ್ಳಿಗೆ ಕರೆದುಕೊಂಡು ಹೋದಳು. ಕಣ್ಣಿನ ಡಾಕ್ಟರು ಬಹಳ ಹೊತ್ತು ನೋಡಿದರು. ಹೋದ ದೃಷ್ಟಿ ತಿರುಗಿ ಬರುವುದಿಲ್ಲ, ಇದು ಯಾಕೆ ಬಂತೆಂದು ಖಾತ್ರಿಯಾಗಿ ಹೇಳಲಾರೆ ಎಂದರು. “ಆದ್ರ ಕತ್ತಲಕೋಣ್ಯಾಗ, ಹೊಗಿ ಒಳಗ ಕೂಡೂದು ಇವತ್ತ ಬಿಡಿಸವ್ವಾ. ಹಗಲ ಬೆಳಕಿನ್ಯಾಗ ಕೆಲಸಾ ಮಾಡಿದ್ರ ಇದ್ದಷ್ಟರ ಉಳದೀತು. ಇಲ್ಲಂದ್ರ ಅದೂ ಉಳಿಯೂದಿಲ್ಲ.” ಬೇರೆಯವರ ಮನೆಯ ಮಗ್ಗದಲ್ಲಿ ಕೂಲಿಗೆ ಕೂಡಬಹುದಿತ್ತು. ಆದರೆ ಕಣ್ಣು ಕಾಣದ ನೇಕಾರನನ್ನು ಯಾರು ಕೂಡಿಸಿಕೊಂಡಾರು? ಬೇಕಾಗಿದ್ದದ್ದು ಆ ಪಡಸಾಲೆ, ಅದೂ ಈಗಲೇ. ರೈಲಿನಲ್ಲಿ ಬರುತ್ತ ನೀಲಗಂಗವ್ವ ಸೆರಗು ಬಾಯಿಗೆ ಒತ್ತಿಕೊಂಡು ಸದ್ದಿಲ್ಲದೆ ಅತ್ತಳು.

ಮರುದಿನ ಅತ್ತೆ ಹಿತ್ತಲಲ್ಲಿ ರಾಟಿ ತಿರುಗಿಸುತ್ತ ಲಾಳಿಗೆ ಹಾಕುವ ಕಂಡಿಕೆಗೆ ನೂಲು ಸುತ್ತುತ್ತಿದ್ದಳು. ನೀಲಗಂಗವ್ವ ಎದುರಿಗೆ ಕುಳಿತಳು.

“ಅತ್ತೀ, ಪಡಸಾಲಿ ಬಿಡಿಸಿಕೊಳ್ಳೂನ್ರಿ.”

“ಯಾಕ? ಗನಿ ರೊಕ್ಕಾ ಕೇಳ್ಯಾನೇನ?”

“ಇಲ್ರಿ.”

“ಮತ್ತ ಕೇಳಲಾರದ ಸಾಲಕ್ಕ ನೀ ಯಾಕ ಹೊಯ್ಕೋತಿ? ಅವತ್ತೂ ಆರನೂರು, ಇವತ್ತೂ ಆರನೂರು. ಬಡ್ಡಿ ಏನರ ಬೆಳದೈತೇನ?”

“ಬೆಳದೈತ್ರಿ ಅತ್ತಿ… ನಾವು ನೋಡಲಿಲ್ಲ ಅಷ್ಟ!” ನೀಲಗಂಗವ್ವ ಬೆರಳು ಮಡಚುತ್ತ ಎಣಿಸಿದಳು. “ದಿನಾ ಕೊಟ್ಟೀವಿ. ಹಗಲಾಗ ಕಂದೀಲ ಹಚ್ಚಿ ಎಣ್ಣಿ ಕೊಟ್ಟೀವಿ. ದಡಿ ಸೀರಿ ನೇಯೂದು ಬಿಟ್ಟು ಸಾದಾ ಸೀರಿಗೆ ಇಳದು ಗಳಿಕಿ ಕೊಟ್ಟೀವಿ. ಈಗ… ಈಗ ನಿಮ್ಮ ಮಗನ ಕಣ್ಣ ಕೊಡಾಕ ಹತ್ತೀವ್ರಿ!”

ರಾಟಿ ನಿಂತಿತು. ದೇವವ್ವನ ಮುಖ ಸುಣ್ಣದಂತೆ ಬಿಳಿಚಿತು, ಮರುಕ್ಷಣವೇ ಕೆಂಪಾಯಿತು.

“ಮುಚ್ಚು ಬಾಯಿ! ನನ್ನ ಮಗನ ಕಣ್ಣಿಗೆ ಏನೂ ಆಗಿಲ್ಲ. ಆಗಿದ್ದರ ಅದು ನಿನ್ನ ಕಾಲ್ಗುಣ! ನೀ ಈ ಮನೀ ಹೊಸ್ತಿಲಾ ತುಳದ ಮ್ಯಾಲ ನನ್ನ ಗಂಡ ಹೋದ, ಈಗ ಮಗನ ಕಣ್ಣು ಅಂತೀ… ಇನ್ನ ಏನೇನ ನುಂಗಾಕಿ ಅದಿ?”

ಎಂಥ ಮಾತು! ಬೇರೆ ದಿನವಾಗಿದ್ದರೆ ನೀಲಗಂಗವ್ವ ಎದ್ದುಹೋಗಿ ಒಲೆಯ ಮುಂದೆ ಕುಳಿತು ಅಳುತ್ತಿದ್ದಳು. ಈ ದಿನ ಅಳಲಿಲ್ಲ. ಕೊರಳ ಬೋರಮಾಳ ಬಿಚ್ಚಿ ಅತ್ತೆಯ ಮಡಿಲಿಗೆ ಹಾಕಿದಳು.

“ಇದು ಆ ವರ್ಷದ ಪಡಸಾಲಿರಿ. ನೀವು ಮಾಡಿಸಿಕೊಟ್ರಿ, ನಾನೂ ಒಲ್ಲೆ ಅನ್ನಲಿಲ್ಲ. ಹಾಕ್ಕೊಂಡು ಕನ್ನಡ್ಯಾಗ ನೋಡಿಕೊಂಡೆ. ತಪ್ಪು ನಿಮ್ಮದೊಂದ ಅಲ್ರಿ ಅತ್ತಿ, ನನ್ನದೂ ಐತಿ. ಇದನ್ನ ಮಾರಿ ಮುಂದಿನ ಮಾತಾಡೂನ್ರಿ.”

ದೇವವ್ವ ಸರವನ್ನು ನೆಲಕ್ಕೆ ನೂಕಿ ಎದ್ದುಹೋದಳು. ಅವತ್ತು ಆಕೆ ಊಟಕ್ಕೆ ಬರಲಿಲ್ಲ.

ನಸುಕಿನಲ್ಲಿ ನೀಲಗಂಗವ್ವ ಕಸಗುಡಿಸಲು ಎದ್ದಾಗ ಒಳಕೋಣೆಯಲ್ಲಿ ಸಣ್ಣ ಸದ್ದು ಕೇಳಿಸಿತು. ಇಣುಕಿದಳು. ಚಿಮಣಿ ದೀಪವೊಂದನ್ನು ಪಕ್ಕಕ್ಕಿಟ್ಟುಕೊಂಡು ದೇವವ್ವ ಮಗ್ಗದ ಬಳಿ ಕುಳಿತಿದ್ದಳು. ಬುಟ್ಟಿಯ ಕಂಡಿಕೆಗಳನ್ನು ಒಂದೊಂದಾಗಿ ಬೆಳಕಿಗೆ ಹಿಡಿದು ನೋಡಿ, ಹಸಿರು ನೂಲಿನವನ್ನಷ್ಟೇ ಹೇಮಪ್ಪನ ಕೈಗೆ ಸಿಗುವಂತೆ ಇಡುತ್ತಿದ್ದಳು. ಕಪ್ಪು, ಕೆಂಪು ನೂಲಿನ ಕಂಡಿಕೆಗಳನ್ನು ಬೇರೆ ಮಾಡಿ ದೂರ ಸರಿಸುತ್ತಿದ್ದಳು. ಆ ಕೈಗಳ ರೂಢಿ ನೋಡಿದರೆ ಅದು ಇಂದಿನ ಕೆಲಸವಲ್ಲವೆಂದು ಯಾರಿಗಾದರೂ ತಿಳಿಯುವಂತಿತ್ತು.

“ಅತ್ತೀ… ನಿಮಗ ಗೊತ್ತಿತ್ತೇನ್ರಿ?”

ದೇವವ್ವ ಬೆಚ್ಚಿಬಿದ್ದಳು. ಸೊಸೆಯ ಮುಖ ನೋಡಿದಳು. ಅಷ್ಟು ವರ್ಷ ಗಟ್ಟಿಯಾಗಿ ನಿಂತಿದ್ದ ಮುದುಕಿ ಒಮ್ಮೆಲೇ ಕುಸಿದುಹೋದಳು.

“ಗೊತ್ತಿತ್ತ ನನ್ನವ್ವಾ… ಹೋದ ವರ್ಷ ಹಸರ ಸೀರ್ಯಾಗ ನಾಕು ಬೆರಳು ಕಪ್ಪ ನೂಲು ಬಿದ್ದಿತ್ತು. ಅವನಿಗೆ ಹೇಳಲಿಲ್ಲ. ಕೂತು ಬಿಚ್ಚಿದೆ. ಅವತ್ತಿಂದ ಹಿಂಗ ಆರಿಸಿ ಇಡತೀನಿ…”

“ಮತ್ತ ನಿನ್ನೆ ನನಗ ಅಂಥಾ ಮಾತಾಡಿದ್ರೆಲ್ರಿ!”

“ಏನಂತ ಹೇಳ್ಲಿ? ಬಿಡಿಸಿಕೊಳ್ಳೂನು ಅಂದ್ರ, ಇಷ್ಟು ದಿನಾ ಯಾಕ ಬಿಡಿಸಿಕೊಳ್ಳಲಿಲ್ಲ ಅಂತ ನನ್ನ ನಾನ ಕೇಳಕೋಬೇಕಾಗತಿತ್ತು. ಅದಕ್ಕ ಧೈರ್ಯ ಇರಲಿಲ್ಲ. ನಿಮ್ಮ ಮಾವ ಭೋಗ್ಯ ಬ್ಯಾಡ ಅಂದಿದ್ರವ್ವಾ… ‘ಮಗ್ಗ ಎಲ್ಲಿ ಇಡೂದು’ ಅಂತ ಕೇಳಿದ್ರು. ನಾನು, ‘ಒಳಗಿಟ್ಟರಾತು’ ಅಂದೆ. ಒಂದ ಮಾತು… ಒಳಗಿಟ್ಟರಾತು! ಹೆಣ್ಣುಮಗಳ ಮದುವಿ ಕಣ್ಣ ಮುಂದಿತ್ತು. ಮಗನ ಕಣ್ಣು ಕಾಣಲಿಲ್ಲ ನನಗ!”

ನೀಲಗಂಗವ್ವ ಅತ್ತೆಯನ್ನು ಅಪ್ಪಿಕೊಂಡಳು. ಹದಿನೆಂಟು ವರ್ಷದಲ್ಲಿ ಆಕೆ ಅತ್ತೆಯ ಕಾಲು ಮುಟ್ಟಿದ್ದಳು, ಬೆನ್ನು ತಿಕ್ಕಿದ್ದಳು. ಹೀಗೆ ಅಪ್ಪಿಕೊಂಡದ್ದು ಅದೇ ಮೊದಲು. ಇಬ್ಬರೂ ಹೇಮಪ್ಪ ಏಳುವವರೆಗೆ ಅಲ್ಲೇ ಕುಳಿತು ಅತ್ತರು.

ಬಿಸಿಲೇರುತ್ತಲೇ ದೇವವ್ವ ತನ್ನ ಕೈಯ ಪಾಟ್ಲಿಗಳನ್ನೂ ಬಿಚ್ಚಿ, ಬೋರಮಾಳದ ಜೊತೆ ಸೆರಗಿಗೆ ಕಟ್ಟಿಕೊಂಡು, ಸೊಸೆಯೊಂದಿಗೆ ಅಬ್ದುಲಗನಿಯ ಅಂಗಡಿ ಹತ್ತಿದಳು. ಅಲ್ಲಿ ನಾಲ್ಕು ಜನ ಕುಳಿತು, ಮುಂಬಯಿ ಸರಕಾರ ಹೋಗಿ ಕನ್ನಡದ ರಾಜ್ಯ ಒಂದಾಗುವುದೆಂದು ಜೋರಾಗಿ ಮಾತಾಡುತ್ತಿದ್ದರು. ಮುದುಕಿಯ ಮುಖ ನೋಡಿ ಒಬ್ಬೊಬ್ಬರಾಗಿ ಎದ್ದುಹೋದರು. ದೇವವ್ವ ಒಂದೇ ಉಸಿರಿಗೆ ಎಲ್ಲ ಹೇಳಿದಳು. ಅಬ್ದುಲಗನಿಯ ಗಡ್ಡದ ತುಂಬ ಅರಳೆಯ ಎಳೆ. ಅದನ್ನು ಒರೆಸಿಕೊಳ್ಳುವುದನ್ನೂ ಮರೆತು ಕೇಳಿದ. ಹದಿನೆಂಟು ವರ್ಷ ಗೋಡೆಗೆ ಗೋಡೆ ಹಚ್ಚಿ ಇದ್ದರೂ, ಹೆಣ್ಣುಮಕ್ಕಳಿರುವ ಕಡೆ ಎಂದು ಆತ ಒಮ್ಮೆಯೂ ಒಳಗೆ ಕಾಲಿಟ್ಟವನಲ್ಲ. ಹೆಂಡತಿ ಖೈರುನಬಿಯನ್ನು ಮುಂದೆ ಮಾಡಿಕೊಂಡು ಸಂದಿಯಿಂದ ಬಂದ. ಒಳಕೋಣೆಗೆ ಎರಡು ಹೆಜ್ಜೆ ಇಟ್ಟವನೇ ಮಗ್ಗದ ಕಂಬಕ್ಕೆ ಹಣೆ ಬಡಿಸಿಕೊಂಡ.

“ಯಾ ಅಲ್ಲಾ! ಹೇಮಪ್ಪಾ… ಇಲ್ಲಿ ಕೂಡತಿದ್ದೇನಪಾ ನೀ?”

“ಬರ್ರಿ ಗನಿಯಣ್ಣಾ. ಹುಷಾರ್ರಿ, ಕುಣಿ ಐತಿ,” ಎಂದ ಹೇಮಪ್ಪ.

ಅಬ್ದುಲಗನಿ ಅಲ್ಲೇ ಕುಕ್ಕರಿಸಿದ. “ಬಡ್ಡಿ ಮುಟ್ಟಬ್ಯಾಡ ಅಂತ ನಮ್ಮ ಅಬ್ಬಾ ಹೇಳಿದ್ರು. ಮುಟ್ಟಿಲ್ಲ ಅಂತ ದಿನಾ ನೆಮ್ಮದೀಲೆ ನಿದ್ದಿ ಮಾಡತಿದ್ದೆ… ಏನ್ ತಿಂದೆ ನಾನು? ನಿನ್ನ ಬೆಳಕ ತಿಂದೆನೆಲ್ಲೋ ತಮ್ಮಾ!”

“ನೀವೇನ ಮಾಡೀರಿ ಅಣ್ಣಾ? ನಾವು ಕೊಟ್ಟೀವಿ, ನೀವು ಇಸಗೊಂಡ್ರಿ. ಇಬ್ಬರೂ ಕೂಡಿ ಲೆಕ್ಕಾ ತಪ್ಪಿದೀವಿ.”

ಖೈರುನಬಿ ಬಾಯಿಗೆ ಸೆರಗು ಹಚ್ಚಿಕೊಂಡಳು. ನಾಳೆಯೇ ಅಂಗಡಿ ತೆರವು ಮಾಡುತ್ತೇನೆ, ಬಂಗಾರ ಇಟ್ಟುಕೊಳ್ಳಿರಿ, ರೊಕ್ಕ ಆಮೇಲೆ ಆದಾಗ ಕೊಟ್ಟರಾಯಿತು ಎಂದ ಅಬ್ದುಲಗನಿ. ದೇವವ್ವ ತಲೆ ಅಲ್ಲಾಡಿಸಿದಳು.

“ಬ್ಯಾಡಪಾ ಗನಿ. ‘ಆಮ್ಯಾಲ ಕೊಟ್ಟರಾತು’ ಅನ್ನೂ ಮಾತು ಇನ್ನ ಈ ಮನ್ಯಾಗ ಬ್ಯಾಡ.”

ಬಂಗಾರ ಗದಗಿನ ಪೇಟೆಯಲ್ಲಿ ಮಾರಿಹೋಯಿತು. ಆರುನೂರು ಕೊಟ್ಟು ಭೋಗ್ಯಪತ್ರ ಹರಿದರು. ಹದಿನೆಂಟು ವರ್ಷಕ್ಕೆ ಒಂದು ಪೈಸೆ ಬಡ್ಡಿಯಿಲ್ಲ, ನೋಡಿ! ಅಬ್ದುಲಗನಿ ಗದಗಿನಲ್ಲಿ ಬೇರೆ ಅಂಗಡಿ ಹಿಡಿದ. ಹೋಗುವ ಮುಂಚೆ ತಾನೇ ಹಾರೆ ಹಿಡಿದು ಪಡಸಾಲೆಯಲ್ಲಿ ಕುಣಿ ತೋಡಿಕೊಟ್ಟ. ನಾಡು ಒಂದಾಯಿತೆಂದು ಊರಲ್ಲಿ ಮೆರವಣಿಗೆ ಹೊರಟ ವಾರವೇ ಮಗ್ಗ ಹೊರಗೆ ಬಂತು.

ಮುಂಜಾನೆ ಹೇಮಪ್ಪ ಹೊಸ ಕುಣಿಯಲ್ಲಿ ಕಾಲಿಟ್ಟು ಕುಳಿತ. ಎರಡೂ ಕಿಟಕಿಯಿಂದ ಬಿಸಿಲು ಬಂದು ಮಗ್ಗಕ್ಕೆ ಬಿಗಿದ ಹಾಸಿನ ಎಳೆಗಳ ಮೇಲೆ ಬಿದ್ದಿತ್ತು. ದೇವವ್ವ ಬಾಗಿಲಿಗೆ ಆತು ನಿಂತು ಕೇಳಿದಳು.

“ಕಾಣತೈತೇನೋ ಮಗನಾ?”

“ಕಾಣತೈತಿ ಬೇ ಯವ್ವಾ. ಚೊಲೋ ಕಾಣತೈತಿ.”

ಮುದುಕಿ ಕಣ್ಣೊರೆಸಿಕೊಂಡು ಒಳಗೆ ಹೋದಳು. ಆದರೆ ಹತ್ತಿರ ನಿಂತ ನೀಲಗಂಗವ್ವನಿಗೆ ಅವನ ಬೆರಳು ಕಾಣುತ್ತಿದ್ದವು. ಅವು ಎಳೆಯನ್ನು ತಡವಿ ತಡವಿಯೇ ಹುಡುಕುತ್ತಿದ್ದವು. ದಡಿ ಸೀರೆ ಇನ್ನು ಅವನಿಂದಾಗದು. ಸಾದಾ ಸೀರೆಗೆ ಕೈಯ ರೂಢಿ ಸಾಕು. ಇದ್ದಷ್ಟು ಕಣ್ಣು ಉಳಿದರೆ ಅದೇ ಪುಣ್ಯ. ಹೀಗೆ ಮನಸ್ಸಿಗೆ ಸಮಾಧಾನ ಹೇಳಿಕೊಂಡು ಆಕೆ ಕಂಡಿಕೆ ಕೊಡಲು ಬಾಗಿದಳು. ಕಿಟಕಿಯ ಬಿಸಿಲು ಆಕೆಯ ತಲೆಯ ಮೇಲೆ ಬಿತ್ತು. ಹೇಮಪ್ಪ ಕಂಡಿಕೆ ತೆಗೆದುಕೊಳ್ಳಲಿಲ್ಲ. ಕಣ್ಣು ಕಿರಿದು ಮಾಡಿ, ಮುಖವನ್ನು ಇನ್ನಷ್ಟು ಹತ್ತಿರ ತಂದು, ಆಕೆಯನ್ನೇ ನೋಡತೊಡಗಿದ.

“ಏನ್ರಿ ಹಂಗ ನೋಡತೀರಿ?”

“ನೀಲಾ… ನಿನ್ನ ತಲಿ ಯಾವಾಗ ಬೆಳ್ಳಗಾತ?”

ನೀಲಗಂಗವ್ವನಿಗೆ ಅಳುವೂ ನಗುವೂ ಒಟ್ಟಿಗೇ ಬಂದವು. ಸೆರಗು ತಲೆಯ ಮೇಲೆ ಎಳೆದುಕೊಳ್ಳಲು ಹೋದಳು. ಅವನು ಕೈ ಹಿಡಿದು ಬಿಡಲಿಲ್ಲ.

“ಒಂದೊಂದ ಆಗ್ಯಾವ್ರಿ,” ಎಂದಳು. “ನೀವು ಒಳಗಿದ್ರಿ…”

ಹೇಮಪ್ಪ ಆ ಬಿಳಿಗೂದಲಿನ ಮೇಲೆ ಮೆಲ್ಲಗೆ ಕೈ ಆಡಿಸಿದ. ಅವತ್ತು ಮಗ್ಗ ಬಹಳ ತಡವಾಗಿ ಶುರುವಾಯಿತು.