ಲೆಕ್ಕಕ್ಕೆ ಬಾರದ ಅಂಗಡಿ

“ಹಾಡೋದಿದ್ರೆ ಬೀದೀಲಿ ಹಾಡಪ್ಪಾ! ಇಲ್ಲಿ ಮೀನು ಕರೀತಿದೀವಿ, ಕಾಣಲ್ವಾ?”

ಸಾಲಿನಲ್ಲಿ ನಿಂತು ಗುನುಗುತ್ತಿದ್ದ ಹುಡುಗನಿಗೆ ಡೆನೀಸ್ ಜಾಲರಿ ಸೌಟು ಎತ್ತಿ ಗದರಿದಳು. ಇಂಗ್ಲೆಂಡಿನ ಗಿರಣಿ ಊರು ಓಲ್ಡಮ್‌ನಲ್ಲಿದ್ದ ಚಿಕ್ಕಮ್ಮ ಬ್ರೆಂಡಾಳ ಮೀನಿನಂಗಡಿಯಲ್ಲಿ ಡೆನೀಸಳದೇ ದರ್ಬಾರು.

ಹುಡುಗ ಹೆದರಲಿಲ್ಲ. “ಬೈದಿದ್ದಕ್ಕೆ ದಂಡ. ವಿನೆಗರ್ ಸ್ವಲ್ಪ ಜಾಸ್ತಿ ಹಾಕು.”

ಅಯ್ಯೋ, ಆ ಕಣ್ಣುಗಳು...! ಡೆನೀಸ್ ವಿನೆಗರ್ ಬಿಟ್ಟು ಉಪ್ಪನ್ನೇ ಮತ್ತೆ ಮತ್ತೆ ಸುರಿದಳು.

ಅವನೇ ಡಾರೆನ್. ಅವನೂ ಮೂವರು ಗೆಳೆಯರೂ ಕಟ್ಟಿದ್ದ ‘ಮಿಲ್ ಲೇನ್’ ತಂಡದ ಮೊದಲ ಹಾಡು ಮರುವರ್ಷವೇ ದೇಶವೆಲ್ಲ ಮೊಳಗಿತು. ಅಷ್ಟರಲ್ಲಿ ಡೆನೀಸ್ ಅವನವಳಾಗಿದ್ದಳು. ಆದರೆ ಲಂಡನ್ನಿನ ಮ್ಯಾನೇಜರ್ ಕಟ್ಟಪ್ಪಣೆ ಮಾಡಿದ್ದ: ಪೋಸ್ಟರಿನ ಹುಡುಗನಿಗೆ ಗೆಳತಿ ಇರಬಾರದು, ಅಭಿಮಾನಿ ಹುಡುಗಿಯರ ಮನಸ್ಸು ಒಡೆಯಬಾರದು. ಡೆನೀಸ್ ಮಾತ್ರ ಹುಡುಗಿಯಲ್ಲವೇನೋ!

ಒಂದು ಶನಿವಾರ ಬೆಳಿಗ್ಗೆ ಟಿವಿಯಲ್ಲಿ ನಿರೂಪಕಿ ಕಣ್ಣು ಮಿಟುಕಿಸಿ ಕೇಳಿದಳು. “ಡಾರೆನ್, ಮನಸ್ಸಲ್ಲಿ ಯಾರಾದ್ರೂ ಇದಾರಾ?”

“ಯಾರೂ ಇಲ್ಲ,” ಎಂದು ನಕ್ಕ.

ಅಷ್ಟು ಸಲೀಸಾಗಿ...!

“ನಿನ್ನ ರಾಜಕುಮಾರನಿಗೆ ಮರೆವಿನ ರೋಗ ಬಂತೇನೇ?” ಎಂದಳು ಬ್ರೆಂಡಾ. ಡೆನೀಸ್ ಟಿವಿ ಆರಿಸಿದಳು. ಅಂದಿನಿಂದ ಅವನ ಫೋನನ್ನೂ ಎತ್ತಲಿಲ್ಲ.

ಎರಡನೆಯ ಹಾಡು ಬಂತು. ವಾರದಲ್ಲಿ ಹೆಚ್ಚು ಮಾರಾಟವಾದ ಮೊದಲ ನಲವತ್ತು ಹಾಡುಗಳ ಪಟ್ಟಿಗೆ ಏರದಿದ್ದರೆ ಕ್ಯಾಸೆಟ್ ಕಂಪನಿ ತಂಡವನ್ನೇ ಕೈಬಿಡುತ್ತದೆ ಎಂದು ಪತ್ರಿಕೆಗಳು ಬರೆದವು. ‘ಹಾಳಾಗಿ ಹೋಗಲಿ’ ಅಂದುಕೊಂಡಳು ಡೆನೀಸ್. ಆದರೆ ಹಾಳು ಮನಸ್ಸು ಕೇಳಬೇಕಲ್ಲ! ಬೀದಿಯವರನ್ನೆಲ್ಲ ಹೊರಡಿಸಿಕೊಂಡು ಮಾರುಕಟ್ಟೆಯ ಆಗ್ಡನ್ ತಾತನ ಕ್ಯಾಸೆಟ್ ಅಂಗಡಿಗೆ ನಡೆದಳು.

“ಪೇಟೆಯ ದೊಡ್ಡ ಅಂಗಡಿ ಬೇಡ. ನಮ್ಮ ಹುಡುಗರ ಹಾಡನ್ನ ನಮ್ಮ ತಾತನ ಹತ್ರಾನೇ ತಗೊಳ್ಳೋಣ!”

ಗಿರಣಿಯ ಹೆಂಗಸರು ಕೊಂಡರು, ಪಾದ್ರಿಗಳು ಕೊಂಡರು, ಕಿವಿ ಕೇಳದ ಮೇವಿಸ್ ಅಜ್ಜಿಯೂ ಕೊಂಡಳು.

ಭಾನುವಾರ ಸಂಜೆ ಎಲ್ಲರೂ ಮೀನಿನಂಗಡಿಯ ರೇಡಿಯೋ ಸುತ್ತ ಸೇರಿದರು. ನಲವತ್ತರಿಂದ ಒಂದರವರೆಗೆ ಹೆಸರುಗಳು ಬಂದವು. ‘ಮಿಲ್ ಲೇನ್’ ಬರಲೇ ಇಲ್ಲ.

“ನಾವು ಕೊಂಡಿದ್ದೆಲ್ಲ ಎಲ್ಲಿಗ್ ಹೋಯ್ತು?” ಡೆನೀಸ್ ತಾತನತ್ತ ತಿರುಗಿದಳು.

ಆಗ್ಡನ್ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡ. “ಎಣಿಸೋ ಯಂತ್ರ ಇಟ್ಟಿರೋ ಅಂಗಡಿಗಳ ಮಾರಾಟ ಮಾತ್ರ ಪಟ್ಟಿಗೆ ಹೋಗುತ್ತಂತಮ್ಮಾ. ನನ್ನಂಥ ಸಣ್ಣ ಅಂಗಡಿಗೆ ಅದನ್ಯಾರು ಕೊಡ್ತಾರೆ? ನಂಗೆ ಇವತ್ತೇ ಗೊತ್ತಾಗಿದ್ದು...”

ಯಾರನ್ನು ಬೈಯುವುದು? ಯಾರ ಕಾಲು ಹಿಡಿಯುವುದು? ಪಟ್ಟಿ ಆಗಲೇ ದೇಶವೆಲ್ಲ ಕೇಳಿಯಾಗಿತ್ತು.

ಅದೇ ವಾರ ಕಂಪನಿ ಕೈಬಿಟ್ಟಿತು. ಒಂದು ಮಧ್ಯಾಹ್ನ, ಊಟದ ಗಿರಾಕಿಗಳು ಹೋಗಿ ಡೆನೀಸ್ ಬಾಗಿಲು ಹಾಕುತ್ತಿದ್ದಾಗ ಡಾರೆನ್ ಚೀಲ ಹೊತ್ತು ಒಳಗೆ ಬಂದ.

“ನಲವತ್ತನೇ ಜಾಗ ಕೂದಲೆಳೆಯಷ್ಟರಲ್ಲಿ ತಪ್ತಂತೆ,” ಎಂದ.

“ನಾನೇ... ನಾನೇ ಎಲ್ಲರನ್ನೂ ಆ ಅಂಗಡಿಗೆ ಕರ್ಕೊಂಡ್ ಹೋಗಿದ್ದು. ನಿನ್ನನ್ನ ಮುಳುಗಿಸಿದ್ದು ನಾನೇ!”

“ಹೌದು. ನೀನೇ.”

ಡೆನೀಸ್ ಗೋಡೆಗೆ ಒರಗಿದಳು. ಇನ್ನೇನು ಉಳಿಯಿತು?

“ಆಗ್ಡನ್ ತಾತ ಫೋನಲ್ಲಿ ಎಲ್ಲಾ ಹೇಳಿದ್ದ. ಲಂಡನ್ನಿಂದ ಇಲ್ಲೀವರೆಗೂ ಬಸ್ಸಲ್ಲಿ ಕೂತು ನಿನ್ ಮೇಲೆ ಕೋಪ ಮಾಡ್ಕೊಳ್ಳೋಕ್ ನೋಡ್ದೆ. ಆಗ್ಲಿಲ್ಲ ಕಣೇ. ನಾನು ಎಲ್ಲರ ಮುಂದೆ ನಿನ್ನ ಇಲ್ಲ ಅಂದೆ. ನೀನು ಊರನ್ನೇ ಎಬ್ಬಿಸ್ದೆ...”

“ಇಲ್ಲ ಅಂದಾಗ ನಕ್ಕೆ ಕಣೋ ನೀನು.”

“ನಗದಿದ್ರೆ ಅಲ್ಲೇ ಅಳು ಬರ್ತಿತ್ತು. ನಿನ್ನನ್ನೇ ಪ್ರೀತಿಸ್ತಿದ್ದೆ, ಈಗ್ಲೂ ಪ್ರೀತಿಸ್ತೀನಿ. ಆದ್ರೆ ಈಗ ನನ್ ಹತ್ರ ಏನೂ ಇಲ್ಲ. ಹಾಡೋದ್ ಬಿಟ್ರೆ ಬೇರೇನೂ ಗೊತ್ತಿಲ್ಲ.”

ಅವಳು ಅವನ ಭುಜದಿಂದ ಚೀಲ ಇಳಿಸಿ, ಬಾಗಿಲ ಅಗುಳಿ ಹಾಕಿದಳು.

“ಅಳು ಬರ್ತಿದೆ, ಡೆನೀಸ್.”

“ಅಳು. ಬಾಗಿಲು ಹಾಕಿದೀನಿ, ಯಾರೂ ನೋಡಲ್ಲ.”

“ನೀನು ನೋಡ್ತೀಯಲ್ಲ...”

“ನಂಗೇನ್ ಕಾಣುತ್ತೆ ಹುಚ್ಚಾ? ನಾನೂ ಅಳ್ತಾ ಇದೀನಿ.”