ಸ್ಟುಡಿಯೋ ಬಾಗಿಲಲ್ಲಿ ಬಿಟ್ಟ ಚಪ್ಪಲಿ

ಶುಕ್ರವಾರ ಮಧ್ಯಾಹ್ನ 2.40ಕ್ಕೆ ಫೋಟೋ ಸ್ಟುಡಿಯೋ ನಜೀರ್ ಮಾಗಡಿ ಠಾಣೆಗೆ ಓಡಿಬಂದ.

"ಶಟರ್ ಅರ್ಧ ಎಳೆದು ನಮಾಜಿಗೆ ಹೋಗಿದ್ದೆ ಮೇಡಂ. ಬರೋದ್ರೊಳಗೆ ಹಾರ್ಡ್‌ಡಿಸ್ಕ್ ಮಾಯ! ಪಕ್ಕದಲ್ಲೇ ಕ್ಯಾಮೆರಾ ಐತೆ, ಮುಟ್ಟಿಲ್ಲ."

"ಏನಿತ್ತು ಅದರಲ್ಲಿ?" ಸಬ್‌ಇನ್‌ಸ್ಪೆಕ್ಟರ್ ಜ್ಯೋತಿಲಕ್ಷ್ಮಿ ಕೇಳಿದರು.

"ಕಲ್ಯದ ಸುಮನಾ ಮದುವೆ ವಿಡಿಯೋ. ಮನು ಅಂತ ಒಬ್ರು, ಕೋರ್ಟಿಗೆ ಬೇಕು ಅಂತ ಕಾಪಿ ಕೇಳಿದ್ರು."

ಆ ಜಗಳ ತಾಲ್ಲೂಕಿಗೇ ಗೊತ್ತಿತ್ತು. ಶಿಕ್ಷಕರ ನೇಮಕಾತಿಗೆ ತಂದೆಯ ಆದಾಯದ ಪ್ರಮಾಣಪತ್ರ ಕೊಟ್ಟು, ಸುಮನಾ ಹಿಂದುಳಿದ ವರ್ಗದ ಮೀಸಲಾತಿಯಲ್ಲಿ ಆಯ್ಕೆಯಾಗಿದ್ದಳು. ಪಟ್ಟಿಯಲ್ಲಿ ಅವಳ ಹಿಂದೆಯೇ ಇದ್ದ ಮನು ಹೈಕೋರ್ಟಿಗೆ ಹೋಗಿದ್ದ. ಅರ್ಜಿ ಹಾಕುವ ಮೊದಲೇ ಅವಳಿಗೆ ಮದುವೆಯಾಗಿದೆ, ಎಂಜಿನಿಯರ್ ಗಂಡನ ಆದಾಯ ಹಿಡಿದರೆ ಮೀಸಲಾತಿ ಸಿಗದು ಎಂಬುದು ಅವನ ವಾದ. ಸಾಮಾನ್ಯ ವರ್ಗದ ಮೆರಿಟ್‌ಗೆ ಅವಳ ಅಂಕ ಸಾಲುತ್ತಿರಲಿಲ್ಲ. ವಿಚಾರಣೆ ಸೋಮವಾರವಿತ್ತು.

ಎಫ್‌ಐಆರ್ ಆಯಿತು. ಸ್ಟುಡಿಯೋದಲ್ಲಿ ಪಂಚನಾಮೆ ನಡೆಯುವಾಗ ಹೆಡ್ ಕಾನ್‌ಸ್ಟೆಬಲ್ ಚಿಕ್ಕಹನುಮಯ್ಯ ಹೊಸ್ತಿಲಾಚೆಯ ಚಪ್ಪಲಿ ತೋರಿಸಿದರು. ಎಡಗಾಲಿನ ಪಟ್ಟಿಗೆ ನೀಲಿ ವೈರು ಬಿಗಿದಿತ್ತು.

"ನಿನ್ನವಾ?"

"ಅಲ್ಲ ಸಾರ್. ಗಿರಾಕಿದು ಅಂದ್ಕೊಂಡೆ. ಶಟರ್ ಎತ್ತಿ ಒಳಗೆ ನೋಡಿದ್ರೆ ಗಿರಾಕಿನೇ ಇಲ್ಲ, ಹಿಂದಿನ ಬಾಗಿಲು ತೆರೆದೈತೆ."

ಚಿಕ್ಕಹನುಮಯ್ಯ ನಕ್ಕರು. "ಚಪ್ಪಲಿ ಬುಟ್ಟು ಒಳಕ್ಕೆ ಬಂದವ್ನೆ ಮೇಡಂ! ಇಂಥ ಮರ್ಯಾದಸ್ಥ ಕಳ್ಳನ್ನ ನನ್ ಸರ್ವೀಸಲ್ಲೇ ನೋಡಿಲ್ಲ."

ಜ್ಯೋತಿಲಕ್ಷ್ಮಿಗೆ ನಗು ಬರಲಿಲ್ಲ. ಮೇಲಿನವರ ಫೋನು ಆಗಲೇ ಎರಡು ಸಲ ಬಂದಿತ್ತು.

ಸಂಜೆ ಮನು ಶೂ ಸದ್ದು ಮಾಡುತ್ತ ಬಂದ.

"ನನ್ ಸಾಕ್ಷಿ ನಾನೇ ಕದೀತೀನಾ? ಅವಳೇ ಕದ್ದಿರೋದು."

"ನೋಡಿದ್ಯಾ?"

"ಇಲ್ಲ."

"ಹಂಗಾದ್ರೆ ಕೂತ್ಕೊ."

ಕೂತ. ದನಿ ಇಳಿಯಿತು. "ನಂಗೆ ವಯಸ್ಸು ಮೀರ್ತಾ ಐತೆ ಮೇಡಂ. ಇದು ತಪ್ಪಿದ್ರೆ ಮತ್ತೆ ಅರ್ಜಿ ಹಾಕಂಗಿಲ್ಲ."

ಕಾಪಿ ವಿಷಯ ಇನ್ಯಾರಿಗೆ ಗೊತ್ತಿತ್ತು? ನಜೀರ್ ಕಿವಿ ಕೆರೆದುಕೊಂಡ. "ಹುಡುಗಿ ಮನೇಗೂ ಒಂದ್ ಮಾತು ಹೇಳಿದ್ದೆ. ಅವರದೇ ಮದುವೆ ಅಲ್ವಾ?"

ಶನಿವಾರ ಬೆಳಿಗ್ಗೆ ಜೀಪು ಸುಮನಾಳ ಊರು ಕಲ್ಯಕ್ಕೆ ಹೊರಟಿತು. ಸುಮನಾಳೇ ಕದ್ದಿದ್ದರೆ ಕೋರ್ಟಿಗೆ ಮುಂಚೆ ತಾನೇ ಅವಳ ಕೆಲಸ ಕಿತ್ತುಕೊಂಡಂತೆ ಎಂದು ಜ್ಯೋತಿಲಕ್ಷ್ಮಿಗೆ ಅನ್ನಿಸಿತು. ದಾರಿಯುದ್ದಕ್ಕೂ ಅವರು ಸೀಟಿನಲ್ಲಿ ನೆಟ್ಟಗೆ ಕೂರಲಿಲ್ಲ.

ಸುಮನಾಳ ತಂದೆ ಬೋರಲಿಂಗಯ್ಯ ಜಗಲಿಯ ಮೇಲೆ ಹೆಬ್ಬೆರಳಿಗೆ ಎಣ್ಣೆ ಸವರುತ್ತಿದ್ದರು.

"ಏನ್ ಗೌಡ್ರೇ, ಹೊಸಾ ಚಪ್ಪಲಿ ಕಚ್ತಾ?" ಎಂದರು ಚಿಕ್ಕಹನುಮಯ್ಯ.

"ಹೂಂ ಕಣಪ್ಪ, ಒಸಿ."

"ಹಳೇವು ಎಲ್ಲೋದೋ?"

ಬೋರಲಿಂಗಯ್ಯ ಮತ್ತೆ ಎಣ್ಣೆಗೆ ಬೆರಳದ್ದಿದರು. ಜ್ಯೋತಿಲಕ್ಷ್ಮಿ ಫೋನಿನಲ್ಲಿದ್ದ ಫೋಟೋ ಹಿಡಿದರು. ಕಾಫಿ ತಂದ ಸುಮನಾ ಇಣುಕಿದವಳೇ, "ಅಪ್ಪಾ, ನಿನ್ ಚಪ್ಪಲಿ! ಬಸ್ಸಲ್ಲಿ ಕಳ್ದೋದೋ ಅಂದಿದ್ಯಲ್ಲ?" ಎಂದಳು.

ಆಮೇಲೆ ಪೊಲೀಸರತ್ತ ತಿರುಗಿ ನೋಡಿ ಲೋಟವನ್ನು ಜಗಲಿಯ ಮೇಲಿಟ್ಟಳು.

ಬೋರಲಿಂಗಯ್ಯ ಒಳಗೆ ಹೋಗಿ ರಾಗಿ ಡ್ರಮ್ಮಿನಿಂದ ಟವೆಲ್ ಸುತ್ತಿದ್ದ ಹಾರ್ಡ್‌ಡಿಸ್ಕ್ ತೆಗೆದರು.

"ಪರೀಕ್ಷೆ ಮುಗೀಲಿ, ಆಮೇಲೆ ಮದ್ವೆ ಅಂದಿದ್ಲು ನನ್ ಮಗ್ಳು. ನಮ್ಮವ್ವ ಸಿದ್ದಮ್ಮ ಹಾಸಿಗೆ ಹಿಡಿದಿದ್ಲು, ಧಾರೆ ನೋಡೇ ಕಣ್ಮುಚ್ತೀನಿ ಅಂದ್ಲು. ನಾನೇ ಆತ್ರ ಬಿದ್ದೆ. ನನ್ನಿಂದ ಹೋಗೋ ಕೆಲ್ಸ ನಾನೇ ಉಳಿಸ್ಬೇಕು ಅನ್ನುಸ್ತು."

"ಅಪ್ಪಾ, ಮದುವೆ ತಾರೀಕು ಮೊನ್ನೆ ನಾನೇ ಕೋರ್ಟಿಗೆ ಬರ್ಕೊಟ್ಟಿದ್ದೀನಿ. ನನ್ನ ಓದಿಸಿದ್ದು ನೀನು, ಗಂಡನ ಸಂಬಳ ಅಲ್ಲ. ನನ್ ವಾದ ಅಷ್ಟೇ. ಮುಚ್ಚಿಡೋದು ಏನಿತ್ತು?"

ಅವರು ಮಗಳ ಮುಖ ನೋಡಲಾರದೆ ನಿಂತರು.

"ಸಾಕ್ಷಿ ಬೇಡ ಅಂದ್ರೆ ಒಡೆದೇ ಹಾಕಬಹುದಿತ್ತಲ್ಲ?" ಜ್ಯೋತಿಲಕ್ಷ್ಮಿ ಕೇಳಿದರು.

"ಕಲ್ಲು ಎತ್ತಿದ್ದೆ ಕಣವ್ವ. ಅದ್ರೊಳಗೆ ನಮ್ಮವ್ವ ಅವ್ಳೆ. ಅಕ್ಷತೆ ಹಾಕ್ತಾವ್ಳೆ. ಹೋದ್ಮೇಲೆ ಅವ್ಳನ್ನ ನೋಡೋಕೆ ಬೇರೇನಿಲ್ಲ."

11.20ಕ್ಕೆ ದಸ್ತಗಿರಿ. ಠಾಣೆಯ ಮೆಟ್ಟಿಲಲ್ಲಿ ಬೋರಲಿಂಗಯ್ಯ ನಿಂತು ಹೊಸ ಚಪ್ಪಲಿ ಬಿಟ್ಟರು.

"ಹಾಕ್ಕೊಂಡೇ ಬನ್ನಿ ಗೌಡ್ರೇ."

"ಇರ್ಲಿ ಬುಡಪ್ಪ."

ಹಿಂದೆ ಬಂದ ಸುಮನಾ ಕೇಳಿದಳು. "ಸೋಮವಾರ ಅಪ್ಪನ ಜಾಮೀನು ಇಲ್ಲಿ, ನನ್ ಕೇಸು ಬೆಂಗಳೂರಲ್ಲಿ. ಯಾವುದಕ್ಕೆ ಹೋಗ್ಲಿ ಮೇಡಂ?"

ಜ್ಯೋತಿಲಕ್ಷ್ಮಿ ಮೆಟ್ಟಿಲ ಮೇಲಿದ್ದ ಚಪ್ಪಲಿಗಳತ್ತ ನೋಡಿದರು. ಸುಮನಾ ಬಗ್ಗಿ, ಇವೂ ಕಳೆದುಹೋಗದಿರಲೆಂದು ಆ ಚಪ್ಪಲಿಗಳನ್ನು ತನ್ನ ಕೈಚೀಲದಲ್ಲಿ ಇಟ್ಟುಕೊಂಡಳು.